ಕಲ್ಲು ತೋರಿಸಿದವನ ಹೆಸರು ಯಾವ ಕಾಗದದಲ್ಲಿದೆ?

ಬೆಂಗಳೂರಿನಲ್ಲಿ ಲ್ಯಾವೆಲ್ ರಸ್ತೆ ಅಂತ ಒಂದು ರಸ್ತೆ ಇದೆ. ನಮ್ಮ ಬೈಲಹೊಂಗಲ, ಸವದತ್ತಿ ಕಡೆಯಿಂದ ದುಡಿಯಲು ಹೋದ ಹುಡುಗರು ಆ ರಸ್ತೆಯಲ್ಲಿ ಗಾಡಿ ಓಡಿಸುತ್ತಾರೆ, ಊಟದ ಪಾರ್ಸಲ್ ಮುಟ್ಟಿಸುತ್ತಾರೆ, ಗೇಟು ಕಾಯುತ್ತಾರೆ. ಆ ಹೆಸರು ಮೈಕೆಲ್ ಫಿಟ್ಜೆರಾಲ್ಡ್ ಲ್ಯಾವೆಲ್ ಎಂಬಾತನದು. ನ್ಯೂಜಿಲೆಂಡಿನ ಯುದ್ಧ ಮುಗಿಸಿ ಬಂದು ಬೆಂಗಳೂರಿನಲ್ಲಿ ನೆಲೆಸಿದ್ದ ಐರಿಶ್ ಸೈನಿಕ. 1871ರಲ್ಲಿ ಎತ್ತಿನ ಗಾಡಿ ಹತ್ತಿ ಕೋಲಾರದ ಕಡೆ ಹೋದ. 1873ರಲ್ಲಿ ಮೈಸೂರು ಸರ್ಕಾರಕ್ಕೆ ಅರ್ಜಿ ಹಾಕಿ, ಮುಂದೆ ಚಿನ್ನ ಅಗೆಯುವ ಪರವಾನಗಿ ಪಡೆದ. ಕೆಜಿಎಫ್ ಅಂದ ಕೂಡಲೇ ಸಿನಿಮಾ ನೆನಪಾಗುವವರಿಗೆ ಇದು ಗೊತ್ತಿರಲಿ: ಆ ಊರಿನ ಅಸಲು ಕಥೆಯಲ್ಲಿ ಲ್ಯಾವೆಲ್ ಬರುವುದು ನಡುವಿನಲ್ಲಿ.

ಮೊದಲು ಬರುವವರು ಬೇರೆ.

ಟಿಪ್ಪು ಸತ್ತ ಮೇಲೆ ಮೈಸೂರಿನ ಗಡಿ ಅಳೆಯಲು ಇಂಗ್ಲಿಷರು ಜಾನ್ ವಾರನ್ ಎಂಬ ಲೆಫ್ಟಿನೆಂಟನನ್ನು ಕಳಿಸಿದ್ದರು. 1802ರಲ್ಲಿ ಅವನು ಕೋಲಾರದ ಪೂರ್ವಕ್ಕೆ ಊರಿಗಾಂ, ಮಾರಿಕುಪ್ಪಂ ಕಡೆ ಬಂದ. ಇಲ್ಲಿ ಮಣ್ಣಿನಲ್ಲಿ ಚಿನ್ನ ಇದೆ ಅಂತ ಮಾತು ಕೇಳಿಬಂತು. ಅವನಿಗೆ ಜಾಗ ಗೊತ್ತಿಲ್ಲ. ಹಾಗಾಗಿ ತೋರಿಸಿದವರಿಗೆ ಇನಾಮು ಕೊಡುತ್ತೇನೆ ಅಂತ ಸಾರಿದ. ಊರಿನವರು ಒಂದು ಗಾಡಿ ತುಂಬ ಮಣ್ಣು ಹೇರಿಕೊಂಡು ಬಂದು ಅವನ ಎದುರಿಗೇ ತೊಳೆದರು. ತಳದಲ್ಲಿ ಚಿನ್ನದ ಪುಡಿ ಉಳಿಯಿತು.

ಅಲ್ಲಿನ ಬಡ ಜನ ಗುಂಡಿಗೆ ಇಳಿದು ಕಲ್ಲು ಒಡೆದು, ಬುಟ್ಟಿಯಲ್ಲಿ ಕೈಯಿಂದ ಕೈಗೆ ಮೇಲಕ್ಕೆ ದಾಟಿಸುತ್ತಿದ್ದರು. ಹೆಣ್ಣುಮಕ್ಕಳು ಆ ಕಲ್ಲು ಕುಟ್ಟಿ ಪುಡಿ ಮಾಡಿ, ಹಲಗೆಯ ಮೇಲೆ ನೀರು ಬಿಟ್ಟು ತೊಳೆಯುತ್ತಿದ್ದರು. ಇದನ್ನೆಲ್ಲ ವಾರನ್ ಬರೆದಿಟ್ಟ. ಅವನು ಬರೆದದ್ದನ್ನು ಎಪ್ಪತ್ತು ವರ್ಷದ ಮೇಲೆ ಲ್ಯಾವೆಲ್ ಓದಿದ. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಎಂಬ ಕಂಪನಿ ಬಂತು. ಅಲ್ಲಿಂದ ಮುಂದೆ ಸುಮಾರು 120 ವರ್ಷ ಆ ನೆಲ ಚಿನ್ನ ಕೊಟ್ಟಿತು, ಒಟ್ಟು ಸುಮಾರು 800 ಟನ್. ಮೂರು ಕಿಲೋಮೀಟರಿಗೂ ಆಳ ಹೋದರು. 1902ರಲ್ಲಿ ಶಿವನಸಮುದ್ರದಿಂದ ತಂತಿ ಎಳೆದು ಕರೆಂಟ್ ತಂದರು. ಬೆಂಗಳೂರಿನ ಬೀದಿಯಲ್ಲಿ ದೀಪ ಹತ್ತುವ ಮೊದಲೇ ಗಣಿಯಲ್ಲಿ ಹತ್ತಿತು.

ವಾರನ್ ಹೆಸರು ಉಳಿಯಿತು. ಲ್ಯಾವೆಲ್ ಹೆಸರಿನ ರಸ್ತೆ ಆಯಿತು. ಟೇಲರ್ ಹೆಸರು ಎಲ್ಲ ಪುಸ್ತಕದಲ್ಲೂ ಇದೆ. ಗಣಿ ಊರಿನೊಳಗೆ ರಾಬರ್ಟ್‌ಸನ್‌ಪೇಟೆ ಇದೆ, ಆಂಡರ್ಸನ್‌ಪೇಟೆ ಇದೆ.

ಗಾಡಿ ತುಂಬ ಮಣ್ಣು ತಂದು ತೊಳೆದು ತೋರಿಸಿದ ರೈತನ ಹೆಸರು ಏನು? ಕಲ್ಲು ಕುಟ್ಟಿದ ಆ ತಾಯಿಯ ಹೆಸರು ಏನು? ಅವರ ಹೆಸರು ಬರೆದುಕೊಳ್ಳುವ ಅಗತ್ಯ ಯಾರಿಗೂ ಕಾಣಲಿಲ್ಲ. "ಊರಿನವರು" ಅಂತ ಒಂದೇ ಪದದಲ್ಲಿ ಮುಗಿಸಿದರು.

ನಮ್ಮ ಜಗಳ ಇರುವುದು ಇಲ್ಲೇ. ಇದು ಬರೀ ಹಳೆಯ ಇತಿಹಾಸದ ಜಗಳ ಅಲ್ಲ. ಇವತ್ತು ಕಾನೂನಿನಲ್ಲಿ ನಡೆಯುತ್ತಿರುವುದೂ ಇದೇ.

ನಾರ್ವೆಯ ಸಾಮಿ ರೈತ

ದೂರದ ಒಂದು ಊರಿನ ಮಾತು ಹೇಳುತ್ತೇವೆ, ಹೋಲಿಸಿ ನೋಡ್ರಿ. ಯುರೋಪಿನ ಉತ್ತರದ ತುದಿಯಲ್ಲಿ, ನಾರ್ವೆ ಮತ್ತು ಸ್ವೀಡನ್ ದೇಶದ ಹಿಮದ ಗುಡ್ಡಗಳಲ್ಲಿ ಸಾಮಿ ಎಂಬ ಜನ ಇದ್ದಾರೆ. ಅಲ್ಲಿನ ಮೂಲನಿವಾಸಿಗಳು. ಹಿಮಸಾರಂಗ ಮೇಯಿಸುವವರು, ಮೀನು ಹಿಡಿಯುವವರು, ತುಂಡು ಭೂಮಿಯಲ್ಲಿ ಒಕ್ಕಲುತನ ಮಾಡುವವರು. ಅವರಲ್ಲಿ ಮೋನ್ಸ್ ಪೆಟ್ಟರ್ ಎಂಬ ರೈತ 1858ರಲ್ಲಿ ನಾರ್ವೆಯ ಸುಲಿತ್ಯೆಲ್ಮಾ ಎಂಬಲ್ಲಿ ತಾಮ್ರದ ಅದಿರು ಕಂಡ. ಆಮೇಲೆ ಸ್ವೀಡನ್ನಿನ ನಿಲ್ಸ್ ಪೆರ್ಸನ್ ಎಂಬ ಉದ್ಯಮಿ ಬಂದು 1887ರಲ್ಲಿ ಅಗೆತ ಶುರು ಮಾಡಿಸಿದ. 1891ರಲ್ಲಿ ಕಂಪನಿ ಆಯಿತು. ಆ ಕಣಿವೆಯಲ್ಲಿ ದೊಡ್ಡ ಗಣಿ ಊರು ಎದ್ದಿತು.

ಆ ಊರಿನ ಒಂದು ಸಂಗತಿ ನಮ್ಮ ಜನ ಮರೆಯಬಾರದು. 1907ರಲ್ಲಿ ಅಲ್ಲಿನ ಕೂಲಿಗಳು ಸಂಘ ಕಟ್ಟಲು ಹೊರಟರು. ಸಭೆ ಸೇರಲು ಜಾಗವೇ ಇಲ್ಲ. ನೆಲವೆಲ್ಲ ಕಂಪನಿಯದು. ಕೊನೆಗೆ ಅವರು ಹೆಪ್ಪುಗಟ್ಟಿದ ಕೆರೆಯ ಮೇಲೆ, ಮಂಜುಗಡ್ಡೆಯ ಮೇಲೆ ನಿಂತು ಸಭೆ ಮಾಡಿದರು. ಸಾಮಿ ರೈತ ಓಡಾಡಿಕೊಂಡಿದ್ದ ಕಣಿವೆಯಲ್ಲಿ ಐವತ್ತು ವರ್ಷ ಕಳೆಯುವುದರೊಳಗೆ ಕೂಲಿಯವನು ಕಾಲಿಡಲು ಮಂಜಷ್ಟೇ ಉಳಿಯಿತು!

ಆದರೂ ಅಲ್ಲಿ ಒಂದು ಸಂಗತಿ ಉಳಿದಿದೆ. ಮೋನ್ಸ್ ಪೆಟ್ಟರ್ ಹೆಸರು ಉಳಿದಿದೆ. ಆ ಊರಿನ ಇತಿಹಾಸ ಹೇಳುವವರು ಅವನ ಹೆಸರಿನಿಂದಲೇ ಶುರು ಮಾಡುತ್ತಾರೆ. ನಮ್ಮ ಕೋಲಾರದಲ್ಲಿ ಅಷ್ಟೂ ಇಲ್ಲ.

ನಮ್ಮ ನೆಲದ ಮಾತು

"ಕೋಲಾರ ಎಲ್ಲಿ, ನಮ್ಮ ಬೈಲಹೊಂಗಲ ಎಲ್ಲಿ" ಅಂತ ನೀವು ಕೇಳಬಹುದು. ಬ್ರಿಟಿಷರ ಕಾಲದ ಗೆಜೆಟಿಯರ್ ತೆರೆದರೆ ಬೆಳಗಾವಿ ಜಿಲ್ಲೆಯ ಭಾಗದಲ್ಲಿ ಒಂದು ಮಾತು ಬರುತ್ತದೆ: ಬೆಳವಡಿ, ಬೈಲಹೊಂಗಲ, ಮುರಗೋಡ ಸುತ್ತಮುತ್ತ ಹಿಂದೆ ಸ್ವಲ್ಪ ಸ್ವಲ್ಪ ಚಿನ್ನ ಸಿಗುತ್ತಿತ್ತು. ಬೆಳವಡಿ ಅಂದರೆ ಮಲ್ಲಮ್ಮನ ಬೆಳವಡಿಯೇ. ಇದನ್ನು ಓದಿ ಯಾರೂ ಗುದ್ದಲಿ ಹಿಡಿದು ಹಳ್ಳಕ್ಕೆ ಓಡಬೇಡ್ರಿ. ಅದು ತೊಳೆದವರ ಕೂಲಿಯೂ ಗಿಟ್ಟದಷ್ಟು ಕಡಿಮೆ ಇದ್ದದ್ದು. ನಮಗೆ ಬೇಕಾದ ಪ್ರಶ್ನೆ ಇಷ್ಟು: ಆ ಸುದ್ದಿ ಸಾಹೇಬರ ಪುಸ್ತಕಕ್ಕೆ ಹೇಗೆ ಹೋಯಿತು? ಹಳ್ಳದ ಉಸುಕು ತೊಳೆದು ನೋಡಿದ ನಮ್ಮವರೇ ಯಾರೋ ಹೇಳಿರಬೇಕಲ್ಲ?

ಪಕ್ಕದ ಗದಗ ಜಿಲ್ಲೆಯಲ್ಲಿ ಅದಕ್ಕೆ ಗುರುತು ಇದೆ. ಕಪ್ಪತಗುಡ್ಡದ ಹಳ್ಳಗಳಲ್ಲಿ ಮಳೆಗಾಲ ಮುಗಿದ ಮೇಲೆ ಉಸುಕು ಜಾಲಿಸಿ ಚಿನ್ನ ತೆಗೆಯುವ ಜಾಲಗಾರರು ಇದ್ದರು. ನಮ್ಮ ಮನೆಯಲ್ಲಿ ಅಕ್ಕಿ ಜಾಲಿಸಿ ಹರಳು ತೆಗೆಯುವ ಹಾಗೆ, ಅವರು ಉಸುಕು ಜಾಲಿಸಿ ಬಂಗಾರ ತೆಗೆಯುತ್ತಿದ್ದರು. 1874ರಲ್ಲಿ ರಾಬರ್ಟ್ ಬ್ರೂಸ್ ಫೂಟ್ ಎಂಬ ಭೂವಿಜ್ಞಾನಿ ಆ ಗುಡ್ಡದ ಚಿನ್ನದ ಬಗ್ಗೆ ವರದಿ ಬರೆದ. ಎಲ್ಲಿ ನೋಡಬೇಕು ಅನ್ನುವ ಸುಳಿವು ಜಾಲಗಾರರ ಕೈಯಲ್ಲಿತ್ತು. ಇವತ್ತು ಗೂಗಲ್‌ನಲ್ಲಿ ಹುಡುಕಿದರೆ ಫೂಟ್ ಸಿಗುತ್ತಾನೆ. ಅವನಿಗಿಂತ ಮೊದಲೇ ಅಲ್ಲಿ ಮರಿಗೆ ಹಿಡಿದು ಕೂತಿದ್ದವನು ಸಿಗುವುದಿಲ್ಲ.

ಈಗಿನ ಮಾತಿಗೆ ಬನ್ನಿ. ರಾಮದುರ್ಗ ದಾಟಿದರೆ ಬಾಗಲಕೋಟೆಯ ಸುಣ್ಣದಕಲ್ಲಿನ ನೆಲ. ಯಾದವಾಡದಲ್ಲಿ ಅದೇ ಕಲ್ಲು ನಂಬಿ ಸಿಮೆಂಟ್ ಕಾರ್ಖಾನೆ ಎದ್ದಿದೆ. ಬೆಳಗಾವಿಯ ಅಲ್ಯೂಮಿನಿಯಂ ಕಾರ್ಖಾನೆ ಬಂದದ್ದು ಪಶ್ಚಿಮದ ಗುಡ್ಡಗಳ ಬಾಕ್ಸೈಟ್ ನೋಡಿ. ಮಲಪ್ರಭೆ ಖಾನಾಪುರದಿಂದ ಇಳಿದು ಬೈಲಹೊಂಗಲ, ಸವದತ್ತಿ, ರಾಮದುರ್ಗ ತಾಲೂಕಿನಲ್ಲಿ ಹರಿಯುವಷ್ಟು ದೂರ ಅದರ ಉಸುಕಿಗೂ ಬೆಲೆ ಇದೆ. ಕಿತ್ತೂರು ಕಡೆಯ ಗುಡ್ಡದಲ್ಲಿ ಗರಸು, ಕಲ್ಲು. ನಮ್ಮ ಕಾಲ ಕೆಳಗೆ ಏನೂ ಇಲ್ಲ ಅಂತ ಹೇಳುವ ಹಾಗಿಲ್ಲ. ಯಾವ ದಿನ ಯಾವ ಜೀಪು ಯಾವ ಹೊಲದ ಬದುವಿನ ಮೇಲೆ ಬಂದು ನಿಲ್ಲುತ್ತದೋ ಯಾರು ಬಲ್ಲರು.

ಬಂದಾಗ ಅವರು ಮೊದಲು ಕೇಳುವುದು ಯಾರನ್ನು? ರಂಟೆ ಹೊಡೆಯುವವನನ್ನು. "ಅಜ್ಜಾ, ಇಲ್ಲಿ ಬ್ಯಾರೆ ಬಣ್ಣದ ಕಲ್ಲು ಎಲ್ಲಿ ಸಿಗತಾವ್ರಿ?" ಅಜ್ಜ ತೋರಿಸುತ್ತಾನೆ. ಬಾವಿ ತೋಡುವಾಗ ಎಷ್ಟು ಅಡಿಗೆ ಯಾವ ಪದರ ಬಂತು, ಬೋರು ಕೊರೆಸಿದಾಗ ಯಾವ ಪುಡಿ ಮೇಲೆ ಬಂತು, ಯಾವ ಹಳ್ಳದ ನೀರು ಕೆಂಪಗೆ ಇಳಿಯುತ್ತದೆ, ಎಲ್ಲ ಹೇಳುತ್ತಾನೆ. ಬಿಸಿಲಿನಲ್ಲಿ ಬಂದವರಿಗೆ ಮಜ್ಜಿಗೆಯನ್ನೂ ಕೊಡುತ್ತಾನೆ. ಮರುವಾರ ಸುದ್ದಿ ಬರುತ್ತದೆ: "ತಜ್ಞರ ತಂಡದಿಂದ ಖನಿಜ ನಿಕ್ಷೇಪ ಪತ್ತೆ." ಅಜ್ಜ ಆ ಸುದ್ದಿಯಲ್ಲಿ ಇರುವುದಿಲ್ಲ.

ಗಡಿಗೆಯಲ್ಲಿದ್ದರೆ ಒಂದು ನ್ಯಾಯ, ಕಲ್ಲಿನಲ್ಲಿದ್ದರೆ ಇನ್ನೊಂದು

ಕಾನೂನು ಏನು ಹೇಳುತ್ತದೆ, ಒಂದೊಂದಾಗಿ ನೋಡೋಣ.

ಹೊಲದಲ್ಲಿ ಬಂಗಾರದ ಗಡಿಗೆ ಸಿಕ್ಕಿತು ಅಂತ ಇಟ್ಟುಕೊಳ್ರಿ. 1878ರ ನಿಧಿ ಕಾಯ್ದೆಯನ್ನು ಮಾಡಿದವರು ಬ್ರಿಟಿಷರು. ಆ ಬ್ರಿಟಿಷರೂ ಅದರಲ್ಲಿ "ನಿಧಿ ಕಂಡವನು" ಅಂತ ಒಬ್ಬನನ್ನು ಗುರುತಿಸಿದರು. ಸರ್ಕಾರ ಆ ನಿಧಿಯನ್ನು ತಾನು ಕೊಳ್ಳದಿದ್ದರೆ, ಕಂಡವನಿಗೂ ಜಮೀನಿನ ಮಾಲೀಕನಿಗೂ ಬೇರೆ ಒಪ್ಪಂದ ಇಲ್ಲದಿದ್ದರೆ, ಮುಕ್ಕಾಲು ಪಾಲು ಕಂಡವನಿಗೆ, ಕಾಲು ಪಾಲು ಮಾಲೀಕನಿಗೆ ಅಂತ ಆ ಕಾಯ್ದೆಯಲ್ಲಿ ಬರೆದಿದ್ದರು. ಸರ್ಕಾರಕ್ಕೆ ಬೇಕಾದರೆ ಬೆಲೆಯ ಮೇಲೆ ಐದನೇ ಒಂದು ಭಾಗ ಹೆಚ್ಚು ಕೊಟ್ಟು ಕೊಳ್ಳಬೇಕಿತ್ತು.

ಅದೇ ಬಂಗಾರ ಗಡಿಗೆಯಲ್ಲಿ ಇರದೆ ಕಲ್ಲಿನೊಳಗೆ ಇದ್ದರೆ? ಆಗ ಅದು ಖನಿಜ. ಕರ್ನಾಟಕ ಭೂಕಂದಾಯ ಕಾಯ್ದೆ, 1964ರ ಪ್ರಕಾರ ನೆಲದೊಳಗಿನ ಖನಿಜ ಸರ್ಕಾರದ್ದು. ಉತಾರದಲ್ಲಿ ನಿಮ್ಮ ಹೆಸರು ಇರಬಹುದು, ಆದರೆ ಅದು ಮೇಲಿನ ಮಣ್ಣಿಗೆ ಮಾತ್ರ. ಕಂಡವನು ಅನ್ನುವ ಪದಕ್ಕೆ ಇಲ್ಲಿ ಅರ್ಥವೇ ಇಲ್ಲ.

ಖನಿಜವೆಲ್ಲ ಸರ್ಕಾರದ್ದು ಅನ್ನುವುದು ಬ್ರಹ್ಮ ಬರೆದ ಬರಹವೂ ಅಲ್ಲ. 2013ರಲ್ಲಿ ಕೇರಳದ ಮಲಬಾರ್ ಭಾಗದ ಜಮೀನುದಾರರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದು: ಕಾನೂನುಬದ್ಧವಾಗಿ ಕಿತ್ತುಕೊಂಡಿರದಿದ್ದರೆ ನೆಲದ ಒಡೆತನದ ಜೊತೆಗೆ ಅದರ ಕೆಳಗಿನ ಖನಿಜದ ಒಡೆತನವೂ ಬರುತ್ತದೆ. ಅಂದರೆ ಇದು ಮನುಷ್ಯರು ಮಾಡಿದ ನಿಯಮ. ಮನುಷ್ಯರು ತಿದ್ದಬಹುದು.

ತಿದ್ದುವುದು ಅಸಾಧ್ಯ ಅನ್ನುವವರಿಗೆ ಇನ್ನೊಂದು ಮಾತು. 2023ರಲ್ಲಿ ಕೇಂದ್ರ ಸರ್ಕಾರ ಗಣಿ ಕಾಯ್ದೆಗೆ ತಿದ್ದುಪಡಿ ತಂದಿತು. ಚಿನ್ನ, ಬೆಳ್ಳಿ, ತಾಮ್ರ, ಲಿಥಿಯಂ ಸೇರಿ 29 ಖನಿಜಗಳಿಗೆ "ಅನ್ವೇಷಣಾ ಪರವಾನಗಿ" ಅಂತ ಹೊಸದೊಂದು ಪರವಾನಗಿ ಮಾಡಿತು. ಆ ಪರವಾನಗಿ ಪಡೆದ ಕಂಪನಿ ಹುಡುಕಿ ಕೊಟ್ಟ ಜಾಗವನ್ನು ಸರ್ಕಾರ ಹರಾಜು ಹಾಕುತ್ತದೆ. ಹರಾಜಿನಲ್ಲಿ ಗಣಿ ಹಿಡಿದವನು ಕೊಡುವ ಪ್ರೀಮಿಯಂನಲ್ಲಿ ಹುಡುಕಿದ ಕಂಪನಿಗೆ ಪಾಲು!

ಓದಿದಿರಲ್ಲ? ಹುಡುಕಿದವನಿಗೆ ಪಾಲು ಕೊಡಬೇಕು ಅನ್ನುವ ತತ್ವವನ್ನು ಸರ್ಕಾರವೇ ಒಪ್ಪಿದೆ. ಆದರೆ ಹುಡುಕಿದವನು ಕಂಪನಿ ಆಗಿರಬೇಕು, ಹರಾಜಿನಲ್ಲಿ ಗೆದ್ದು ಪರವಾನಗಿ ಹಿಡಿದಿರಬೇಕು. ಧೋತರ ಉಟ್ಟು ಬದುವಿನ ಮೇಲೆ ನಿಂತವನು ಹುಡುಕಿದರೆ ಅದು ಹುಡುಕಿದಂತೆ ಅಲ್ಲ. ಅವನದು "ಸ್ಥಳೀಯ ಮಾಹಿತಿ". ಕಂಪನಿಯದು "ಅನ್ವೇಷಣೆ". ಎರಡು ಹೆಸರು ಇಟ್ಟರೆ ಎರಡು ನ್ಯಾಯ ಮಾಡುವುದು ಸಲೀಸು.

ಎದುರು ವಾದಗಳು

ನಮ್ಮ ವಾದಕ್ಕೆ ಎದುರು ಮಾತು ಇದೆ. ಅದನ್ನೂ ಕೇಳೋಣ.

ಒಂದು: "ಕಲ್ಲು ತೋರಿಸಿದ್ದು ದೊಡ್ಡ ಕೆಲಸವೇನು? ಕೋಟಿಗಟ್ಟಲೆ ಬಂಡವಾಳ ಹಾಕಿದವರು, ಯಂತ್ರ ತಂದವರು, ನಷ್ಟಕ್ಕೆ ಎದೆ ಕೊಟ್ಟವರು ಕಂಪನಿಯವರು." ಸರಿ, ಬಂಡವಾಳಕ್ಕೆ ಲಾಭ ಬರಲಿ. ನಾವು ಅದನ್ನು ಕೇಳುತ್ತಿಲ್ಲ. ಆದರೆ ಕಪ್ಪತಗುಡ್ಡದ ಸುತ್ತ ಇಪ್ಪತ್ತನೇ ಶತಮಾನದ ಆರಂಭದಲ್ಲಿ ಬಂಡವಾಳ ಹಾಕಿದ ಕಂಪನಿಗಳು ಹೆಚ್ಚು ಕಾಲ ನಿಲ್ಲಲಿಲ್ಲ. ಬಂಡವಾಳ ಇದ್ದ ಮಾತ್ರಕ್ಕೆ ಚಿನ್ನ ಬರುವುದಿಲ್ಲ. ಎಲ್ಲಿ ಅಗೆಯಬೇಕು ಅನ್ನುವುದೇ ಮೊದಲ ಬಂಡವಾಳ. ಅದನ್ನು ತಲೆತಲಾಂತರದಿಂದ ಉಳಿಸಿಕೊಂಡು ಬಂದವರು ಊರಿನವರು. ಸರ್ವೆ ಮಾಡಲು, ಕೊರೆದು ನೋಡಲು ವರ್ಷಗಟ್ಟಲೆ ಖರ್ಚು ಬರುತ್ತದೆ. ಆ ಖರ್ಚನ್ನು ಉಳಿಸಿಕೊಟ್ಟ ಮಾತಿಗೆ ಬೆಲೆ ಇಲ್ಲವೇ?

ಎರಡು: "ಖನಿಜ ದೇಶದ ಆಸ್ತಿ. ಒಬ್ಬ ರೈತನಿಗೆ ಯಾಕೆ ಕೊಡಬೇಕು?" ಈ ಮಾತು ಹೆಚ್ಚು ತೂಕದ್ದು, ನಾವೂ ಒಪ್ಪುತ್ತೇವೆ. ಒಂದು ಗುಡ್ಡದ ಸಂಪತ್ತು ಒಬ್ಬನ ಮನೆ ಸೇರಬಾರದು. ಆದರೆ ದೇಶದ ಆಸ್ತಿ ಅನ್ನುವ ಮಾತು ರೈತ ಪಾಲು ಕೇಳಿದಾಗ ಮಾತ್ರ ಯಾಕೆ ನೆನಪಾಗುತ್ತದೆ? ಬಳ್ಳಾರಿಯ ಅದಿರು ಹಗಲು ದರೋಡೆಯಾಗಿ ಬಂದರು ಸೇರುವಾಗಲೂ ಅದು ದೇಶದ ಆಸ್ತಿಯೇ ಆಗಿತ್ತಲ್ಲ! 2011ರಲ್ಲಿ ಲೋಕಾಯುಕ್ತರು ವರದಿ ಕೊಡುವ ತನಕ ಎಷ್ಟು ಲಾರಿ ಹೋದವು? ನಾವು ಕೇಳುವುದು ಒಡೆತನ ಅಲ್ಲ. ಕಂಡವನಿಗೆ ಸಣ್ಣದೊಂದು ಪಾಲು, ಊರಿಗೆ ಇನ್ನೊಂದು ಪಾಲು, ಇಬ್ಬರಿಗೂ ದಾಖಲೆಯಲ್ಲಿ ಹೆಸರು.

ಮೂರು: "ಗಣಿ ಬಂದರೆ ಕೆಲಸ ಬರುತ್ತದೆ, ಊರು ಬೆಳೆಯುತ್ತದೆ, ಅದೇ ನಿಮ್ಮ ಪಾಲು." ಈ ಮಾತಿಗೆ ಕೋಲಾರವೇ ಉತ್ತರ ಕೊಡುತ್ತದೆ. 2001ರ ಫೆಬ್ರುವರಿ 28ರಂದು ಸರ್ಕಾರಿ ಸ್ವಾಮ್ಯದ ಭಾರತ್ ಗೋಲ್ಡ್ ಮೈನ್ಸ್ ಕೆಜಿಎಫ್‌ನ ಗಣಿ ಮುಚ್ಚಿತು. ತಲೆಮಾರುಗಳಿಂದ ಸುರಂಗದಲ್ಲಿ ಎದೆ ಸವೆಸಿದ ಕುಟುಂಬಗಳ ಮಕ್ಕಳು ಬೆಳಗಿನ ಕತ್ತಲಲ್ಲೇ ರೈಲು ಹತ್ತಿ ಬೆಂಗಳೂರಿಗೆ ಕೂಲಿಗೆ ಹೋಗುವಂತಾಯಿತು. ಚಿನ್ನ ಹೋಯಿತು, ಸೈನೈಡ್ ಬೆರೆತ ಮಣ್ಣಿನ ದಿಬ್ಬಗಳು ಉಳಿದವು. ಗಾಳಿ ಬಿಟ್ಟಾಗ ಅದರ ದೂಳು ಮನೆಯೊಳಗೆ ಬರುತ್ತದೆ. 2024ರಲ್ಲಿ ಆ ದಿಬ್ಬಗಳಿಂದ ಅಳಿದುಳಿದ ಚಿನ್ನ ತೆಗೆಯಲು ರಾಜ್ಯ ಸಚಿವ ಸಂಪುಟ ಒಪ್ಪಿಗೆ ಕೊಟ್ಟಿತು. ಸುಲಿತ್ಯೆಲ್ಮಾದ ಗಣಿಯೂ 1991ರಲ್ಲಿ ಮುಚ್ಚಿತು. ಅದಿರು ಇರುವ ತನಕ ಊರು. ಆಮೇಲೆ ಗುಂಡಿಯ ಜೊತೆ ಬದುಕುವವರು ಮೊದಲು ಅಲ್ಲಿ ಇದ್ದವರೇ.

ನಮ್ಮವರ ತಪ್ಪೂ ಇದೆ

ಬೈಯುವುದು ಬರೀ ಸರ್ಕಾರವನ್ನಲ್ಲ. ಹೆಸರು ಉಳಿಸುವುದು ನಮಗೆ ಗೊತ್ತಿಲ್ಲದ ವಿದ್ಯೆ ಅಲ್ಲ. ಬೈಲಹೊಂಗಲದಲ್ಲಿ ಚನ್ನಮ್ಮನ ಸಮಾಧಿ ಇದೆ. ಸಂಗೊಳ್ಳಿ ರಾಯಣ್ಣನ ಹೆಸರು ಪ್ರತಿ ಊರಿನ ಸರ್ಕಲ್‌ನಲ್ಲಿ ಇದೆ. ರಾಯಣ್ಣನ ಜನ ಬ್ರಿಟಿಷರ ಕಚೇರಿಗೆ ನುಗ್ಗಿ ಕಾಗದಪತ್ರ ಸುಟ್ಟದ್ದು ಯಾಕೆ? ಜಮೀನು ಕಸಿಯುವುದು ಕಾಗದದಿಂದ ಅಂತ ಅವನಿಗೆ ಗೊತ್ತಿತ್ತು. ಅವನ ಕಾಲಕ್ಕೆ ಸುಡುವುದೇ ದಾರಿ ಆಗಿತ್ತು. ನಮ್ಮ ಕಾಲಕ್ಕೆ ಕಾಗದದಲ್ಲಿ ಹೆಸರು ಬರೆಸುವುದು ದಾರಿ. ಆದರೆ ಗ್ರಾಮಸಭೆ ಅಂದರೆ ನಾವು ಏನು ಮಾಡುತ್ತೇವೆ? ಮನೆ ಪಟ್ಟಿಯಲ್ಲಿ ಹೆಸರು ಬಂತೋ ಇಲ್ಲವೋ ನೋಡಿ, ಚಹಾ ಕುಡಿದು ಎದ್ದು ಬರುತ್ತೇವೆ. ಖನಿಜದ ಮಾತು ಎತ್ತುವವರು ಯಾರು?

ಎತ್ತಿದರೆ ಆಗುತ್ತದೆ ಅನ್ನುವುದಕ್ಕೆ ಗದಗ ಸಾಕ್ಷಿ. 2011ರಲ್ಲಿ ಮುಂಡರಗಿ ತಾಲೂಕಿನ ಹಳ್ಳಿಗುಡಿಯಲ್ಲಿ ಪೋಸ್ಕೊ ಉಕ್ಕಿನ ಕಾರ್ಖಾನೆಗೆ ಜಮೀನು ಕೇಳಿದಾಗ ರೈತರು ಬೀದಿಗೆ ಇಳಿದರು, ತೋಂಟದಾರ್ಯ ಮಠದ ಸಿದ್ಧಲಿಂಗ ಶ್ರೀಗಳು ಜೊತೆಗೆ ನಿಂತರು. ಸರ್ಕಾರ ಹಿಂದೆ ಸರಿಯಿತು. ಕಪ್ಪತಗುಡ್ಡದ ಸಂರಕ್ಷಿತ ಸ್ಥಾನಮಾನ 2016ರಲ್ಲಿ ಹಿಂತೆಗೆದುಕೊಂಡಾಗ ಮತ್ತೆ ಅದೇ ಜನ ಎದ್ದರು. 2017ರಲ್ಲಿ ಅದು ಮರಳಿ ಬಂತು, 2019ರಲ್ಲಿ ವನ್ಯಜೀವಿ ಧಾಮ ಆಯಿತು. ಅವರು ಬೇಡ ಅಂದರು, ಗೆದ್ದರು. ನಾವು ಬೇಕೋ ಬೇಡವೋ ಅನ್ನುವ ಮೊದಲೇ ನಮ್ಮನ್ನು ಕೇಳ್ರಿ ಅನ್ನುತ್ತಿದ್ದೇವೆ, ಅಷ್ಟೇ.

ಏನು ಮಾಡಬೇಕು

ಸರ್ಕಾರದ ಮುಂದೆ ನಮ್ಮ ಬೇಡಿಕೆ ಎರಡು. ಅನ್ವೇಷಣಾ ಪರವಾನಗಿಯವರಿಗೆ ಪಾಲು ಕೊಡುವ ಕಾನೂನಿನಲ್ಲೇ, ಮೊದಲು ಸುಳಿವು ಕೊಟ್ಟ ರೈತನಿಗೂ ಅವನ ಗ್ರಾಮ ಪಂಚಾಯಿತಿಗೂ ಪಾಲು ಬರೆಯಬೇಕು. ಸರ್ವೆ ತಂಡ ಊರಿಗೆ ಬಂದರೆ ಯಾರು ಏನು ತೋರಿಸಿದರು ಅನ್ನುವುದನ್ನು ಪಂಚನಾಮೆ ಮಾಡಿ ಪಂಚಾಯಿತಿಯಲ್ಲಿ ಒಂದು ಪ್ರತಿ ಇಡಬೇಕು.

ಅದು ಆಗುವ ತನಕ ಕೈಕಟ್ಟಿ ಕೂರುವುದು ಬೇಡ. ಈಗಿನ ಕಾನೂನಿನಲ್ಲೇ ಸಿಗುವುದು ಇದೆ.

ಗಣಿ ಗುತ್ತಿಗೆ ಹಿಡಿದವನು ಮೇಲ್ಮಣ್ಣಿನ ಅನುಭವದಾರನಿಗೆ ಪರಿಹಾರ ಕೊಡಬೇಕು ಅಂತ 1957ರ ಗಣಿ ಕಾಯ್ದೆಯಲ್ಲೇ ಇದೆ. "ಖನಿಜ ಸರ್ಕಾರದ್ದು, ನಿಮಗೇನೂ ಇಲ್ಲ" ಅಂತ ಯಾರಾದರೂ ಹೇಳಿದರೆ ನಂಬಬೇಡ್ರಿ.

2015ರಿಂದ ಜಿಲ್ಲಾ ಖನಿಜ ಪ್ರತಿಷ್ಠಾನ ಅನ್ನುವ ನಿಧಿ ಇದೆ. ದೊಡ್ಡ ಗಣಿಗಳು ಸರ್ಕಾರಕ್ಕೆ ಕೊಡುವ ರಾಜಧನದ ಮೇಲೆ ಹೆಚ್ಚುವರಿಯಾಗಿ ಈ ನಿಧಿಗೆ ಹಣ ಕಟ್ಟಬೇಕು: 2015ರ ಜನವರಿಗೆ ಮೊದಲಿನ ಗುತ್ತಿಗೆ ಆದರೆ ರಾಜಧನದ ನೂರಕ್ಕೆ 30, ಆಮೇಲೆ ಹರಾಜಿನಲ್ಲಿ ಪಡೆದದ್ದಾದರೆ ನೂರಕ್ಕೆ 10. ಉಸುಕು, ಕಲ್ಲಿನಂಥ ಸಣ್ಣ ಖನಿಜದಿಂದಲೂ ಈ ನಿಧಿಗೆ ವಸೂಲು ಮಾಡುವ ಅಧಿಕಾರ ರಾಜ್ಯಕ್ಕೆ ಇದೆ. ಆ ದುಡ್ಡು ಇರುವುದು ಗಣಿಯಿಂದ ಬಾಧೆ ಪಟ್ಟ ಊರಿನ ಕುಡಿಯುವ ನೀರು, ಆಸ್ಪತ್ರೆ, ಶಾಲೆಗೆ. ಕ್ವಾರಿ ಸಿಡಿತಕ್ಕೆ ಗೋಡೆ ಬಿರುಕು ಬಿಟ್ಟ ಊರಿಗೆ, ಉಸುಕಿನ ಲಾರಿಗೆ ರಸ್ತೆ ಕಿತ್ತುಹೋದ ಊರಿಗೆ ಅದರಲ್ಲಿ ಎಷ್ಟು ಬಂತು? ಮಾಹಿತಿ ಹಕ್ಕಿನ ಅರ್ಜಿಗೆ ಹತ್ತು ರೂಪಾಯಿ. ಒಬ್ಬರೇ ಹಾಕಲು ಹೆದರಿಕೆ ಆದರೆ ಹತ್ತು ಜನ ಸೇರಿ ಒಬ್ಬೊಬ್ಬರು ಒಂದೊಂದು ಹಾಕ್ರಿ.

ಇನ್ನು ಜೀಪು ಬಂದ ದಿನ. ಮಜ್ಜಿಗೆ ಕೊಡ್ರಿ, ಬೇಡ ಅನ್ನುವುದಿಲ್ಲ. ಆದರೆ ಬಂದವರ ಹೆಸರು, ಇಲಾಖೆ ಅಥವಾ ಕಂಪನಿ, ಯಾವ ಪತ್ರದ ಮೇಲೆ ಬಂದಿದ್ದಾರೆ, ಮೊದಲು ಕೇಳಿ ಬರೆದುಕೊಳ್ರಿ. ಕಲ್ಲು ತೋರಿಸುವ ಮೊದಲು ನಿಮ್ಮ ಫೋನಿನಲ್ಲೇ ಆ ಜಾಗದ ಫೋಟೋ ತೆಗೆಯಿರಿ, ಲೊಕೇಶನ್ ಆನ್ ಇರಲಿ, ತಾರೀಖು ಬೀಳಲಿ. ಅದೇ ದಿನ ಪಂಚಾಯಿತಿಗೆ ಎರಡು ಸಾಲಿನ ಅರ್ಜಿ ಕೊಟ್ಟು ಸ್ವೀಕೃತಿ ತೆಗೆದುಕೊಳ್ರಿ: "ಇಂತಹ ಸರ್ವೆ ನಂಬರಿನಲ್ಲಿ ಇಂತಹ ಕಲ್ಲನ್ನು ಇಂತಹವರಿಗೆ ನಾನು ತೋರಿಸಿದ್ದೇನೆ." ಕೆಳಗೆ ಪೂರ್ತಿ ಹೆಸರು ಬರೆಯಿರಿ, ಅಪ್ಪನ ಹೆಸರು, ಅವ್ವನ ಹೆಸರು ಸಹಿತ. ತೋರಿಸಿದವರು ಹೆಣ್ಣುಮಗಳಾದರೆ ಅರ್ಜಿ ಅವರ ಹೆಸರಿನಲ್ಲೇ ಇರಲಿ, ಗಂಡನ ಹೆಸರಿನಲ್ಲಿ ಅಲ್ಲ.

ಆ ಸ್ವೀಕೃತಿಗೆ ಇವತ್ತು ದುಡ್ಡು ಬರುವುದಿಲ್ಲ, ಖರೆ. ಆದರೆ ನಾಳೆ ಕಾನೂನು ಬದಲಾದ ದಿನ "ಮೊದಲು ತೋರಿಸಿದವರು ಯಾರು" ಅಂತ ಕೇಳಿದರೆ ಮಾರಿಕುಪ್ಪಂನವರ ಹತ್ತಿರ ಇಲ್ಲದ ಒಂದು ಕಾಗದ ನಿಮ್ಮ ಟ್ರಂಕಿನಲ್ಲಿ ಇರುತ್ತದೆ. ಮುಂದಿನ ಗ್ರಾಮಸಭೆಯ ತಾರೀಖು ಯಾವಾಗ ಅಂತ ಈಗಲೇ ಪಿಡಿಒ ಅವರನ್ನು ಕೇಳಿಡ್ರಿ.